ತುಂಗಾ ಅಕ್ಷರರೂಪ ಮತ್ತು ಆರ್. ಕೆ. ಜೋಶಿ: ಒಂದು ಮರುಮೌಲ್ಯಮಾಪನ

೧

ಕನ್ನಡ ಶಾಸನಗಳ ಅಧ್ಯಯನದಲ್ಲಿ ತೊಡಗಿದವರಿಗೆ ಒಂದು ಸಂಗತಿ ಚೆನ್ನಾಗಿ ಪರಿಚಿತವಾಗಿದೆ. ದಾನ ಕೊಟ್ಟವರು, ದಾನ ಪಡೆದವರು, ಪಾಠವನ್ನು ರಚಿಸಿದ ಕವಿ ಇವರ ಹೆಸರುಗಳ ಜೊತೆಗೆ, ಅನೇಕ ಶಾಸನಗಳ ಕೊನೆಯಲ್ಲಿ ಅದನ್ನು ಬರೆದವನ ಹಾಗೂ ಕಲ್ಲಿನಲ್ಲಿ ಕಂಡರಿಸಿದವನ ಹೆಸರೂ ಬರುತ್ತದೆ. ಹೊಯ್ಸಳ ದೇವಾಲಯಗಳಲ್ಲಿಯೂ ಇದೇ ಮನೋಧರ್ಮ ಕಾಣುತ್ತದೆ. ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣ, ರೂವಾರಿ ಮಲ್ಲಿತಮ್ಮ ಮೊದಲಾದವರು ನಮಗೆ ಹೆಸರಿನಿಂದ ತಿಳಿದಿರುವುದು ತಮ್ಮ ಕೆಲಸದ ಕೆಳಗೆ ಅವರು ಹೆಸರನ್ನು ಕೆತ್ತಿದ್ದರಿಂದ. ರೂಪ ಕೊಟ್ಟ ಕೈಯನ್ನು ಹೆಸರಿಸುವುದು ಕೃತಿಯ ಒಂದು ಅಂಗವೆಂದೇ ಆ ಕಾಲದವರು ಭಾವಿಸಿದ್ದರು.

ಮುದ್ರಣಯುಗದಲ್ಲಿ ಈ ಪದ್ಧತಿ ಮುಂದುವರಿಯಲಿಲ್ಲ. ಗ್ರಂಥದ ಒಳಪುಟದಲ್ಲಿ ಲೇಖಕ, ಪ್ರಕಾಶಕ, ಮುದ್ರಕ, ಕೆಲವೊಮ್ಮೆ ಮುಖಪುಟದ ಕಲಾವಿದ, ಇಷ್ಟು ಹೆಸರುಗಳಿಗೆ ಸ್ಥಳ ದೊರೆಯಿತು. ಇಡೀ ಗ್ರಂಥವನ್ನು ಯಾವ ಅಕ್ಷರಗಳ ಮೂಲಕ ಓದುತ್ತೇವೆಯೋ ಅವುಗಳನ್ನು ರೂಪಿಸಿದವರಿಗೆ ಮಾತ್ರ ಸ್ಥಳ ದೊರೆಯಲಿಲ್ಲ. ಗಣಕಯುಗದಲ್ಲಿ ಈ ಮರೆವು ಇನ್ನೂ ಗಾಢವಾಗಿದೆ. ಕನ್ನಡದಲ್ಲಿ ಲಿಪಿಯ ಇತಿಹಾಸವನ್ನು ಕುರಿತು ವಿಪುಲವಾದ ಸಾಹಿತ್ಯವಿದೆ. ಆದರೆ ಅದು ಬಹುಮಟ್ಟಿಗೆ ಬ್ರಾಹ್ಮಿಯಿಂದ ಹೊರಟು ಹಲ್ಮಿಡಿಯನ್ನು ಹಾದು ವಿಜಯನಗರದ ಕಾಲಕ್ಕೆ ಬಂದು ನಿಲ್ಲುತ್ತದೆ. ಅಲ್ಲಿಂದ ಮುಂದಿನ ಅಕ್ಷರಚರಿತ್ರೆಯನ್ನು ನಾವು ಮುದ್ರಣ ತಂತ್ರಜ್ಞರ ಪಾಲಿಗೆ ಬಿಟ್ಟಿದ್ದೇವೆ.

ಈ ಉಪೇಕ್ಷೆಗೆ ಒಳಗಾದವರಲ್ಲಿ ಮುಂಬಯಿಯ ವಿನ್ಯಾಸಕ ರಘುನಾಥ ಕೃಷ್ಣ ಜೋಶಿ (೧೯೩೬-೨೦೦೮) ಒಬ್ಬರು. ವಿನ್ಯಾಸಕ್ಷೇತ್ರದಲ್ಲಿಯೂ ಮಹಾರಾಷ್ಟ್ರದ ಕಲಾವಲಯದಲ್ಲಿಯೂ ಅವರ ಹೆಸರು ಗೌರವದಿಂದ ಉಳಿದಿದೆ. ಕನ್ನಡದ ವಿಮರ್ಶೆಯಲ್ಲಾದರೋ ಅದು ಕಾಣಸಿಗುವುದೇ ಅಪರೂಪ. ಹೀಗಿದ್ದರೂ ಗಣಕದ ಪರದೆಯ ಮೇಲೆ ಒಂದು ದಶಕಕ್ಕೂ ಮಿಕ್ಕಿ ಕನ್ನಡ ಓದಿದವರೆಲ್ಲ ಒಂದಲ್ಲ ಒಂದು ಬಾರಿ ಅವರ ನಿರ್ದೇಶನದಲ್ಲಿ ಸಿದ್ಧವಾದ ‘ತುಂಗಾ’ ಅಕ್ಷರರೂಪದ ಮೂಲಕವೇ ಓದಿದ್ದಾರೆ. ಜೋಶಿಯವರ ಪರಂಪರೆಯನ್ನು ಕನ್ನಡದ ಕಡೆಯಿಂದ ಮರುಪರಿಶೀಲಿಸುವುದು, ಅದರಲ್ಲಿ ಸಲ್ಲಬೇಕಾದ ಮನ್ನಣೆ ಯಾವುದು, ಒಪ್ಪಲಾಗದ ಅಂಶ ಯಾವುದು ಎಂಬುದನ್ನು ವಿವೇಚಿಸುವುದು ಪ್ರಸ್ತುತ ಲೇಖನದ ಉದ್ದೇಶ.

೨

ಜೋಶಿಯವರ ವೃತ್ತಿಜೀವನ ಮೂರು ಘಟ್ಟಗಳಲ್ಲಿ ಹರಡಿಕೊಂಡಿದೆ. ಮೊದಲನೆಯದು ಜಾಹೀರಾತು ಕ್ಷೇತ್ರ. ಮುಂಬಯಿಯ ಉಲ್ಕಾ ಜಾಹೀರಾತು ಸಂಸ್ಥೆಯಲ್ಲಿ ಅವರು ದೀರ್ಘಕಾಲ ಕಲಾ ವಿಭಾಗದಲ್ಲಿ ದುಡಿದರು. ಎರಡನೆಯದು ಅಧ್ಯಾಪನ. ೧೯೮೩ರಲ್ಲಿ ಮುಂಬಯಿಯ ಭಾರತೀಯ ತಂತ್ರಜ್ಞಾನ ಸಂಸ್ಥೆಯ ಔದ್ಯೋಗಿಕ ವಿನ್ಯಾಸ ಕೇಂದ್ರವನ್ನು ಸೇರಿ ೧೯೯೬ರವರೆಗೆ ಅಲ್ಲಿ ಪ್ರಾಧ್ಯಾಪಕರಾಗಿದ್ದರು. ಮೂರನೆಯದು ಗಣಕಕ್ಕಾಗಿ ಅಕ್ಷರಗಳನ್ನು ರೂಪಿಸಿದ ಘಟ್ಟ. ಮುಂಬಯಿಯ ರಾಷ್ಟ್ರೀಯ ತಂತ್ರಾಂಶ ತಂತ್ರಜ್ಞಾನ ಕೇಂದ್ರದಲ್ಲಿ (ಈ ಕೇಂದ್ರವು ಅನಂತರ ಸಿ-ಡ್ಯಾಕ್ ಸಂಸ್ಥೆಯಲ್ಲಿ ವಿಲೀನವಾಯಿತು) ಭಾರತೀಯ ಲಿಪಿಗಳ ಕೆಲಸ ನಡೆಯಿತು. ದೇವನಾಗರಿಗೆ ಮಂಗಲ್, ತೆಲುಗಿಗೆ ಗೌತಮಿ, ಗುಜರಾತಿಗೆ ಶ್ರುತಿ, ಗುರುಮುಖಿಗೆ ರಾವಿ, ಕನ್ನಡಕ್ಕೆ ತುಂಗಾ, ಹೀಗೆ ಮೈಕ್ರೋಸಾಫ್ಟ್ ಸಂಸ್ಥೆಯ ವಿಂಡೋಸ್ ವ್ಯವಸ್ಥೆಯೊಳಗೆ ಸೇರಿದ ಅಕ್ಷರರೂಪಗಳು ಅವರ ನಿರ್ದೇಶನದಲ್ಲಿ, ಕಿರಿಯ ಸಹಕಾರಿಗಳ ನೆರವಿನಿಂದ ಸಿದ್ಧವಾದವು.

ಈ ಮೂರರ ಜೊತೆಗೆ ನಾಲ್ಕನೆಯ ಮುಖವೂ ಒಂದಿದೆ. ಜೋಶಿಯವರು ಕವಿಯೂ ಹೌದು. ಮರಾಠಿಯಲ್ಲಿ ಅವರು ಬರೆದದ್ದು ದೃಶ್ಯಕಾವ್ಯ, ಎಂದರೆ ಅಕ್ಷರಗಳ ಆಕಾರ, ಸ್ಥಾನ, ಪುಟದ ಮೇಲಿನ ಹಂಚಿಕೆ ಇವುಗಳಿಂದಲೇ ಅರ್ಥ ಹುಟ್ಟಿಸುವ ಬಗೆಯ ಕವಿತೆ. ನಮ್ಮ ಚಿತ್ರಕವಿತ್ವದ ಪರಂಪರೆಯನ್ನು ಬಲ್ಲವರಿಗೆ ಈ ಕಲ್ಪನೆ ಅಪರಿಚಿತವಲ್ಲ. ಪದ್ಮಬಂಧ, ಮುರಜಬಂಧಗಳಲ್ಲಿಯೂ ಅಕ್ಷರದ ಸ್ಥಾನವೇ ಕಾವ್ಯದ ಸ್ವಾರಸ್ಯಕ್ಕೆ ಆಧಾರ. ಆದರೆ ಬಂಧಗಳಲ್ಲಿ ಅಕ್ಷರದ ಸ್ಥಾನಕ್ಕೆ ಬೆಲೆಯುಂಟು, ಅದರ ಮೈಕಟ್ಟಿಗೆ ಬೆಲೆಯಿಲ್ಲ. ದೃಶ್ಯಕಾವ್ಯದಲ್ಲಿ ಅಕ್ಷರದ ಮೈಯೇ ಮಾತಾಡುತ್ತದೆ.

ಜೋಶಿಯವರ ಪರಂಪರೆಯ ತಿರುಳಿನಲ್ಲಿರುವ ವಿರೋಧಾಭಾಸ ಇಲ್ಲಿಯೇ ಗೋಚರಿಸುತ್ತದೆ. ಕವಿಯಾಗಿ, ಸುಂದರ ಬರವಣಿಗೆಯ ಕಲಾವಿದರಾಗಿ ಅವರು ಅಕ್ಷರವನ್ನು ಕಣ್ಣಿಗೆ ಬೀಳುವಂತೆ ಮಾಡಲು ದುಡಿದರು. ಗಣಕಕ್ಕೆ ಅಕ್ಷರ ರೂಪಿಸುವಾಗ ಅದು ಕಣ್ಣಿಗೆ ಬೀಳದಂತೆ ಮಾಡುವ ಹೊಣೆ ಅವರ ಮೇಲೆ ಬಿತ್ತು. ಬಿಯಾಟ್ರಿಸ್ ವಾರ್ಡ್ ಎಂಬ ಮುದ್ರಣಕಲಾ ಚಿಂತಕಿ ೧೯೩೦ರ ಒಂದು ಉಪನ್ಯಾಸದಲ್ಲಿ ಒಳ್ಳೆಯ ಮುದ್ರಣವನ್ನು ಸ್ಫಟಿಕದ ಪಾನಪಾತ್ರೆಗೆ ಹೋಲಿಸಿದ್ದು ಪ್ರಸಿದ್ಧವಾಗಿದೆ. ಒಳಗಿರುವುದು ಕಾಣಬೇಕು, ಪಾತ್ರೆ ಕಾಣಬಾರದು. ಈ ಅಳತೆಗೋಲನ್ನು ಒಪ್ಪಿದರೆ ಅಕ್ಷರವಿನ್ಯಾಸಕನು ಯಶಸ್ವಿಯಾದಷ್ಟೂ ಮರೆಯಾಗುತ್ತಾನೆ. ಜೋಶಿಯವರನ್ನು ನಾವು ಮರೆತದ್ದರಲ್ಲಿ ಅವರ ಯಶಸ್ಸಿನ ಪಾಲೂ ಇದೆ ಎನ್ನಬೇಕಾಗುತ್ತದೆ.

೩

ಕನ್ನಡಿಗರಲ್ಲದ ವಿನ್ಯಾಸಕರೊಬ್ಬರು, ಕರ್ನಾಟಕದ ಹೊರಗೆ ಕುಳಿತು, ಕನ್ನಡದ ಅಕ್ಷರಗಳಿಗೆ ರೂಪ ಕೊಟ್ಟರೆಂಬುದನ್ನು ಕೆಲವರು ಕೊರತೆಯಾಗಿ ಎಣಿಸಬಹುದು. ಕನ್ನಡ ಮುದ್ರಣದ ಇತಿಹಾಸವನ್ನು ನೆನೆದರೆ ಇದು ವಿಲಕ್ಷಣ ಘಟನೆಯಾಗಿ ತೋರುವುದಿಲ್ಲ. ವಿಲಿಯಂ ಕೇರಿಯ ಕನ್ನಡ ವ್ಯಾಕರಣ ೧೮೧೭ರಲ್ಲಿ ಅಚ್ಚಾದದ್ದು ಬಂಗಾಳದ ಸೇರಾಂಪುರದಲ್ಲಿ. ೧೮೪೩ರಲ್ಲಿ ಹರ್ಮನ್ ಮೋಗ್ಲಿಂಗ್ ‘ಮಂಗಳೂರ ಸಮಾಚಾರ’ವನ್ನು ಹೊರತಂದದ್ದು ಕಲ್ಲಚ್ಚಿನಲ್ಲಿ. ಮಂಗಳೂರಿನ ಬಾಸೆಲ್ ಮಿಷನ್ ಮುದ್ರಣಾಲಯವು ಮುಂದೆ ಮೊಳೆಯಚ್ಚಿನಲ್ಲಿ ಸಾಧಿಸಿದ ಪರಿಣತಿಗೆ ೧೮೯೪ರ ಕಿಟ್ಟೆಲ್ ನಿಘಂಟು ಸಾಕ್ಷಿಯಾಗಿ ನಿಂತಿದೆ. ಕನ್ನಡ, ಇಂಗ್ಲಿಷ್ ಎರಡೂ ಒಂದೇ ಪುಟದಲ್ಲಿ, ಇಕ್ಕಟ್ಟಾದ ಸಾಲುಗಳಲ್ಲಿ, ಒಂದನ್ನೊಂದು ತುಳಿಯದೆ ನಡೆಯುವ ಆ ಪುಟವಿನ್ಯಾಸವನ್ನು ಇಂದಿಗೂ ಮೆಚ್ಚಬಹುದು. ಹೀಗೆ ಕನ್ನಡದ ಅಚ್ಚಿನ ಅಕ್ಷರಕ್ಕೆ ಹೊರಗಿನವರ ಕೈ ತಗುಲಿದ್ದು ಮೊದಲಿನಿಂದಲೂ ಉಂಟು.

ಇಂದಿಗೂ ಈ ಪರಂಪರೆ ಕಡಿದಿಲ್ಲ. ಮುಂಬಯಿಯ ಏಕ್ ಟೈಪ್ ಬಳಗದವರು ಹೊರತಂದ ‘ಬಲೂ ತಮ್ಮ’ ಎಂಬ ಕನ್ನಡ ಅಕ್ಷರರೂಪ ಈಗ ಫಲಕಗಳಲ್ಲಿ, ಭಿತ್ತಿಪತ್ರಗಳಲ್ಲಿ ಕಾಣಸಿಗುತ್ತದೆ. ಹೊರನಾಡು ಕನ್ನಡದ ಅಧ್ಯಯನ ಎಂದರೆ ಸಂಘಸಂಸ್ಥೆಗಳ ಚರಿತ್ರೆ, ವಲಸೆಯ ಚರಿತ್ರೆ, ಲೇಖಕರ ಪಟ್ಟಿ ಎಂದಷ್ಟೇ ನಾವು ತಿಳಿದಿದ್ದರೆ, ಕನ್ನಡದ ಅಕ್ಷರವೇ ಹೊರನಾಡಿನಲ್ಲಿ ರೂಪುಗೊಂಡ ಈ ಸಂಗತಿ ನಮ್ಮ ಕಣ್ತಪ್ಪಿಹೋಗುತ್ತದೆ. ಶೃಂಗೇರಿಯನ್ನು ಬಳಸಿ ಹರಿದು ಕೂಡಲಿಯಲ್ಲಿ ಭದ್ರೆಯನ್ನು ಸೇರುವ ನದಿಯ ಹೆಸರು ಹೊತ್ತ ಅಕ್ಷರಗಳು ಸಿದ್ಧವಾದದ್ದು ಅರಬ್ಬೀ ಸಮುದ್ರದ ದಂಡೆಯ ನಗರವೊಂದರಲ್ಲಿ. ಆ ಹೆಸರಿನಲ್ಲಿ, ಕನ್ನಡದ ನೆಲದ ಬಗ್ಗೆ ವಿನ್ಯಾಸಕರಿಗಿದ್ದ ಗೌರವವನ್ನು ಕಾಣಬಹುದು.

೪

ತುಂಗಾವನ್ನು ಕುರಿತು ತೀರ್ಮಾನಕ್ಕೆ ಬರುವ ಮೊದಲು ವಿನ್ಯಾಸಕರ ಎದುರಿಗಿದ್ದ ಸಮಸ್ಯೆಗಳನ್ನು ಗುರುತಿಸುವುದು ಅಗತ್ಯ. ಅವುಗಳಲ್ಲಿ ಮೊದಲನೆಯದು ಸಂಕೇತವ್ಯವಸ್ಥೆಗೆ ಸಂಬಂಧಿಸಿದ್ದು. ೧೯೯೦ರ ದಶಕದಲ್ಲಿ ಕನ್ನಡದ ಗಣಕೀಕೃತ ಮುದ್ರಣ ಸಾಕಷ್ಟು ಬೆಳೆದಿತ್ತು. ಆದರೆ ಒಂದೊಂದು ತಂತ್ರಾಂಶವೂ ಅಕ್ಷರಗಳನ್ನು ತನಗೆ ತೋಚಿದ ಸಂಕೇತಗಳಲ್ಲಿ ಕೂಡಿಡುತ್ತಿತ್ತು. ಒಂದು ತಂತ್ರಾಂಶದಲ್ಲಿ ಬರೆದ ಲೇಖನವನ್ನು ಬೇರೊಂದು ತಂತ್ರಾಂಶವಿರುವ ಊರಿಗೆ ಕಳುಹಿಸಿದರೆ ಅಲ್ಲಿ ತೆರೆದುಕೊಳ್ಳುತ್ತಿದ್ದುದು ಅರ್ಥವಿಲ್ಲದ ಚಿಹ್ನೆಗಳ ರಾಶಿ. ಹೈದರಾಬಾದಿನಿಂದಲೋ ದೆಹಲಿಯಿಂದಲೋ ಧಾರವಾಡ, ಮೈಸೂರುಗಳಿಗೆ ಬರೆಹ ಕಳುಹಿಸುವ ಸಂಶೋಧಕರಿಗೆ ಇದರ ತೊಂದರೆ ಹೆಚ್ಚು ತಟ್ಟಿತ್ತು. ೧೯೯೧ರ ಯೂನಿಕೋಡ್ ಮೊದಲ ಆವೃತ್ತಿಯಲ್ಲಿಯೇ ಕನ್ನಡಕ್ಕೆ ಸ್ಥಾನವಿದ್ದರೂ, ಸಾಮಾನ್ಯ ಗಣಕದಲ್ಲಿ ಆ ಸಂಕೇತಗಳನ್ನು ಕಣ್ಣಿಗೆ ಕಾಣಿಸುವ ಅಕ್ಷರರೂಪ ಬೇಕಾಗಿತ್ತು. ೨೦೦೧ರ ವಿಂಡೋಸ್ ಎಕ್ಸ್‌ಪಿ ಆವೃತ್ತಿಯೊಂದಿಗೆ ತುಂಗಾ ಬಂದು ಆ ಸ್ಥಾನವನ್ನು ತುಂಬಿತು. ಬಳಕೆದಾರನು ಬೇರೆಲ್ಲಿಂದಲೂ ತರಬೇಕಾಗಿಲ್ಲದೆ, ಗಣಕದೊಂದಿಗೇ ಬಂದ ಕನ್ನಡ ಅದು. ೨೦೦೩ರಲ್ಲಿ ಆರಂಭವಾದ ಕನ್ನಡ ವಿಕಿಪೀಡಿಯವನ್ನು ಅದರ ಮೊದಲ ವರ್ಷಗಳಲ್ಲಿ ವಿಂಡೋಸ್ ಗಣಕಗಳಲ್ಲಿ ಓದಿದವರು ಸಾಮಾನ್ಯವಾಗಿ ಓದಿದ್ದು ತುಂಗಾದಲ್ಲಿ.

ಎರಡನೆಯ ಸಮಸ್ಯೆ ಕನ್ನಡದ ಸಂಯುಕ್ತಾಕ್ಷರಗಳದು. ಮೊಳೆಯಚ್ಚಿನಲ್ಲಿ ‘ಸ್ತ್ರೀ’ ಎಂಬ ಒಂದು ಅಕ್ಷರವನ್ನು ಜೋಡಿಸುವಾಗ ಯಾವ ತುಂಡನ್ನು ಎಲ್ಲಿ ಇಡಬೇಕು, ಎರಡು ಒತ್ತುಗಳ ನಡುವೆ ಎಷ್ಟು ಎಡೆ ಬಿಡಬೇಕು ಎಂಬುದು ಮೊಳೆ ಜೋಡಿಸುವವರ ಕೈಚಳಕಕ್ಕೆ ಬಿಟ್ಟ ವಿಷಯವಾಗಿತ್ತು. ಹೊಸ ವ್ಯವಸ್ಥೆಯಲ್ಲಿ ಸಕಾರ, ತಕಾರ, ರಕಾರ, ಅವುಗಳ ನಡುವಣ ವಿರಾಮಚಿಹ್ನೆಗಳು, ಕೊನೆಯ ಸ್ವರ ಇವು ಸಂಕೇತಗಳ ಸರಣಿಯಾಗಿ ಮಾತ್ರ ಉಳಿದಿರುತ್ತವೆ. ಅವುಗಳನ್ನು ಕೂಡಿಸಿ ಒಂದು ಆಕಾರವಾಗಿ ತೋರಿಸುವ ನಿಯಮಗಳನ್ನು ಅಕ್ಷರರೂಪದೊಳಗೇ ಅಡಕಗೊಳಿಸಬೇಕು. ಅಂದರೆ ಅಚ್ಚುಕೂಟಗಳಲ್ಲಿ ತಲೆಮಾರುಗಳಿಂದ ಬಂದ ಕೈತಿಳಿವಳಿಕೆಯನ್ನೆಲ್ಲ ವಿನ್ಯಾಸಕನು ಮೊದಲೇ ಊಹಿಸಿ, ಪಟ್ಟಿ ಮಾಡಿ, ಬರೆದಿಡಬೇಕಾಯಿತು. ಇದು ಚಿತ್ರಕಾರನ ಕೆಲಸವೂ ಹೌದು, ವೈಯಾಕರಣನ ಕೆಲಸವೂ ಹೌದು.

ಮೂರನೆಯ ಸಮಸ್ಯೆ ಪರದೆಯದು. ಆ ಕಾಲದ ಪರದೆಗಳ ಮೇಲೆ ಒಂದು ಅಕ್ಷರಕ್ಕೆ ದೊರೆಯುತ್ತಿದ್ದ ಚುಕ್ಕಿಗಳ ಸಂಖ್ಯೆ ಬಹಳ ಕಡಿಮೆ. ಕನ್ನಡದಲ್ಲಾದರೋ ಅಕ್ಷರಭೇದಗಳು ಅತಿ ಸೂಕ್ಷ್ಮ. ರಕಾರಕ್ಕೂ ಠಕಾರಕ್ಕೂ ಇರುವ ಭೇದ ಒಳಗಿನ ಒಂದು ಬಿಂದು. ಧಕಾರ ಥಕಾರಗಳ ಭೇದವೂ ಅಷ್ಟೇ. ದಕಾರ ಧಕಾರಗಳನ್ನು, ಡಕಾರ ಢಕಾರಗಳನ್ನು ಬೇರ್ಪಡಿಸುವುದು ಕೆಳಗಿನ ಒಂದು ಸಣ್ಣ ಗೆರೆ. ಪಕಾರ ಷಕಾರಗಳ ನಡುವೆ ಇರುವುದು ಹೊಟ್ಟೆಯೊಳಗಿನ ಒಂದು ಎಳೆ. ಇವು ಅಳಿಸಿಹೋಗದಂತೆ, ಒಂದರೊಳಗೊಂದು ಕಲಸಿಹೋಗದಂತೆ ಕಾಯುವುದು ಪರದೆಯ ಅಕ್ಷರದ ಮೊದಲ ಧರ್ಮ.

ಈ ಮೂರು ಸಮಸ್ಯೆಗಳ ಹಿನ್ನೆಲೆಯಲ್ಲಿ ನೋಡಿದಾಗ ತುಂಗಾದ ಗುಣಗಳು ಸ್ಪಷ್ಟವಾಗುತ್ತವೆ. ಅದರ ಗೆರೆ ಬಹುಮಟ್ಟಿಗೆ ಏಕರೂಪವಾದದ್ದು. ಅಕ್ಷರಗಳ ಒಡಲು ದುಂಡಾಗಿ, ಒಳಗಿನ ಬಯಲು ತೆರೆದುಕೊಂಡು, ಸೂಕ್ಷ್ಮಭೇದಗಳಿಗೆ ಎಡೆ ಬಿಟ್ಟಿದೆ. ಅಲಂಕಾರವೆಂಬುದು ಇಲ್ಲವೆನ್ನುವಷ್ಟು ಕಡಿಮೆ. ದೃಶ್ಯಕಾವ್ಯದಲ್ಲಿ ಅಕ್ಷರವನ್ನು ಕುಣಿಸಿದ ಕೈ ಇಲ್ಲಿ ಸಂಪೂರ್ಣ ಸಂಯಮವನ್ನು ತೋರಿದೆ. ಇದನ್ನು ಪ್ರತಿಭೆಯ ಅಭಾವವೆಂದು ಓದುವುದು ಅನ್ಯಾಯ. ಈ ಅಕ್ಷರರೂಪ ಸಿದ್ಧವಾದದ್ದು ಗ್ರಂಥಮುದ್ರಣಕ್ಕಾಗಿ ಅಲ್ಲ, ಗಣಕದ ಆದೇಶಪಟ್ಟಿಗಳಲ್ಲಿ, ಕಡತಗಳ ಹೆಸರುಗಳಲ್ಲಿ, ಸೂಚನೆಗಳಲ್ಲಿ ಬಳಕೆಯಾಗುವುದಕ್ಕಾಗಿ ಎಂಬುದನ್ನು ನಾವು ಮರೆಯುವಂತಿಲ್ಲ.

೫

ಮನ್ನಣೆ ಸಲ್ಲಿಸಿದ ಮೇಲೆ ಆಕ್ಷೇಪಗಳನ್ನೂ ಹೇಳಬೇಕಾಗುತ್ತದೆ. ತುಂಗಾದಲ್ಲಿ ಅಚ್ಚಾದ ಅಥವಾ ಪರದೆಯಲ್ಲಿ ಮೂಡಿದ ದೀರ್ಘವಾದ ಗದ್ಯವನ್ನು ಓದುವಾಗ ಕಣ್ಣಿಗೆ ಬಳಲಿಕೆಯಾಗುತ್ತದೆ. ಇದಕ್ಕೆ ಮೂರು ಕಾರಣಗಳನ್ನು ಗುರುತಿಸಬಹುದು. ಗೆರೆ ತೆಳುವಾದದ್ದರಿಂದ ಪುಟಕ್ಕೆ ಬೇಕಾದ ಕಪ್ಪು ಕೂಡುವುದಿಲ್ಲ. ಒತ್ತಕ್ಷರಗಳು ಮೂಲಾಕ್ಷರಕ್ಕಿಂತ ಬಹಳ ಕಿರಿದಾಗಿ ‘ರಾಷ್ಟ್ರ’ದಂಥ ಪದಗಳಲ್ಲಿ ಕೆಳಗಿನ ಭಾಗ ಮಸುಕಾಗುತ್ತದೆ. ಸಾಲುಗಳ ನಡುವಣ ಅಂತರ ಅತಿಯಾಗಿ, ವಾಕ್ಯ ವಾಕ್ಯಕ್ಕೆ ಹೆಣೆದುಕೊಳ್ಳುವುದಿಲ್ಲ. ಇಂಗ್ಲಿಷ್ ಪದ ನಡುವೆ ಬಂದರಂತೂ ಪುಟದ ಲಯವೇ ತಪ್ಪುತ್ತದೆ. ಹಳೆಯ ಮೊಳೆಯಚ್ಚಿನ ಅಕ್ಷರಗಳಲ್ಲಿದ್ದ ಸ್ಥೂಲ ಸೂಕ್ಷ್ಮ ರೇಖೆಗಳ ಏರಿಳಿತ, ಕಂಠದ ತಿರುವಿನಲ್ಲಿ ಲೇಖನಿಯ ನೆನಪು, ಇವು ಇಲ್ಲಿ ಕಾಣುವುದಿಲ್ಲ.

ಈ ಕೊರತೆಗಳನ್ನು ಪರದೆಯ ಇತಿಮಿತಿಗೆ ಮಾತ್ರ ಆರೋಪಿಸಿದರೆ ವಿವೇಚನೆ ಅರ್ಧಕ್ಕೇ ನಿಲ್ಲುತ್ತದೆ. ಜೋಶಿಯವರ ಚಿಂತನೆಯಲ್ಲಿ ಭಾರತೀಯ ಲಿಪಿಗಳ ಏಕತೆಯ ಕಲ್ಪನೆಗೆ ಮಹತ್ತ್ವದ ಸ್ಥಾನವಿತ್ತು. ಎಲ್ಲ ಭಾರತೀಯ ಭಾಷೆಗಳಿಗೂ ಸಲ್ಲಬಹುದಾದ ಒಂದು ಸಾಮಾನ್ಯ ಲಿಪಿಯನ್ನು ಅವರು ‘ದೇಶನಾಗರಿ’ ಎಂಬ ಹೆಸರಿನಲ್ಲಿ ಕಲ್ಪಿಸಿದ್ದರು. ಈ ಆಶಯ ಅವರೊಬ್ಬರದೇ ಆಗಿರಲಿಲ್ಲ. ಎಲ್ಲ ಭಾಷೆಗಳವರೂ ತಮ್ಮ ಲಿಪಿಯ ಜೊತೆಗೆ ನಾಗರಿಯನ್ನೂ ಬಳಸಬೇಕೆಂದು ವಿನೋಬಾ ಭಾವೆಯವರು ಪ್ರತಿಪಾದಿಸಿದ್ದು ಸರ್ವವಿದಿತ. ಸ್ವಾತಂತ್ರ್ಯೋತ್ತರ ಕಾಲದ ರಾಷ್ಟ್ರಕಲ್ಪನೆಯ ಒಂದು ಧಾರೆ ಇದು. ಈ ಧಾರೆಯಲ್ಲಿ ಬೆಳೆದ ವಿನ್ಯಾಸಕನು ಅನೇಕ ಲಿಪಿಗಳನ್ನು ಒಟ್ಟಿಗೆ ಕೈಗೆತ್ತಿಕೊಂಡಾಗ, ಅವುಗಳಿಗೆ ಒಂದೇ ತೂಕ, ಒಂದೇ ರೇಖಾಗುಣ, ಒಂದೇ ಶಿಸ್ತು ಇರಲೆಂದು ಬಯಸುವುದು ಸಹಜ.

ಆದರೆ ಲಿಪಿಗಳ ಒಡಲು ಒಂದೇ ಬಗೆಯದಲ್ಲ. ದೇವನಾಗರಿಯ ಅಕ್ಷರಗಳು ಶಿರೋರೇಖೆಯಿಂದ ಕೆಳಕ್ಕೆ ತೂಗಿಕೊಂಡಿರುತ್ತವೆ. ಆ ಗೆರೆಯೇ ಸಾಲನ್ನು ಕಟ್ಟುತ್ತದೆ. ಕನ್ನಡದ ಅಕ್ಷರಗಳು ತಮ್ಮ ದುಂಡು ತಳದ ಮೇಲೆ ಕುಳಿತಿರುತ್ತವೆ. ತಲೆಕಟ್ಟು ಎಲ್ಲ ಅಕ್ಷರಗಳಿಗೂ ಇಲ್ಲ. ಜ, ಣ, ಬ, ಲ ಮುಂತಾದವು ಅದಿಲ್ಲದೆಯೇ ಬದುಕುತ್ತವೆ. ಇರುವ ಅಕ್ಷರಗಳಲ್ಲಿಯೂ ಗುಡಿಸು, ಏತ್ವಗಳು ಬಂದಾಗ ಅದು ಮಾಯವಾಗುತ್ತದೆ. ಹೀಗಾಗಿ ಕನ್ನಡದ ಸಾಲನ್ನು ಹಿಡಿದು ನಿಲ್ಲಿಸುವುದು ಮೇಲಿನ ಗೆರೆಯಲ್ಲ, ಒಡಲುಗಳ ದುಂಡುತನದ ಲಯ ಹಾಗೂ ಕೆಳಗಿನ ಒತ್ತುಗಳ ತೂಕ. ಒತ್ತುಗಳನ್ನು ಹಗುರವಾಗಿಸಿದರೆ ಸಾಲು ತನ್ನ ಬುಡವನ್ನು ಕಳೆದುಕೊಳ್ಳುತ್ತದೆ. ತುಂಗಾದಲ್ಲಿ ಆಗಿರುವುದು ಇದೇ ಎಂದು ನಮ್ಮ ಅಭಿಪ್ರಾಯ. ಏಕತೆಯ ಕಣ್ಣು ಕನ್ನಡವನ್ನು ಇತರ ಲಿಪಿಗಳ ಸಾಲಿನಲ್ಲಿ ಸಮಾನವಾಗಿ ಕೂರಿಸಿತು. ಅದೇ ಕಣ್ಣು ಕನ್ನಡದ ವೈಶಿಷ್ಟ್ಯವನ್ನು ಪೂರ್ಣವಾಗಿ ಕಾಣಲಿಲ್ಲ. ಜೋಶಿಯವರ ಸಾಧನೆಯೂ ಮಿತಿಯೂ ಒಂದೇ ನಂಬಿಕೆಯಿಂದ ಹುಟ್ಟಿದವು.

೬

ಈ ಮಿತಿಯ ಹೊಣೆಯನ್ನು ವಿನ್ಯಾಸಕರೊಬ್ಬರ ಮೇಲೆ ಹೊರಿಸಿ ನಾವು ಸುಮ್ಮನಾಗುವಂತಿಲ್ಲ. ಒಂದು ನಿದರ್ಶನವನ್ನು ಗಮನಿಸಬಹುದು. ಇದು ಜೋಶಿಯವರಿಗೆ ಸಂಬಂಧಿಸಿದ್ದಲ್ಲ, ನಮಗೆ ಸಂಬಂಧಿಸಿದ್ದು. ಹಳಗನ್ನಡದ ಪಾಠಗಳನ್ನು ಅಚ್ಚುಮಾಡಲು ಅವಶ್ಯವಾದ ೞಕಾರಕ್ಕೆ ಯೂನಿಕೋಡಿನಲ್ಲಿ ಸ್ಥಾನವೇನೋ ದೊರೆಯಿತು. ಆದರೆ ಅಲ್ಲಿ ಅದಕ್ಕೆ ಇಂಗ್ಲಿಷಿನಲ್ಲಿ ಕೊಟ್ಟ ಹೆಸರು ‘ಕನ್ನಡ ಅಕ್ಷರ ಫ’ ಎಂಬ ಅರ್ಥದ್ದು. ಆ ವ್ಯವಸ್ಥೆಯಲ್ಲಿ ಒಮ್ಮೆ ಇಟ್ಟ ಹೆಸರನ್ನು ಬದಲಿಸುವಂತಿಲ್ಲವೆಂಬ ನಿಯಮವಿರುವುದರಿಂದ ತಪ್ಪು ಹೆಸರು ಹಾಗೆಯೇ ಉಳಿದು, ಸರಿಯಾದ ಹೆಸರು ಅದರ ಪಕ್ಕದಲ್ಲಿ ತಿದ್ದುಪಡಿಯಾಗಿ ಸೇರಿಕೊಂಡಿದೆ. ಪಂಪ ರನ್ನರನ್ನು ಓದಬಲ್ಲ ಯಾವ ವಿದ್ಯಾರ್ಥಿಯೂ ಮಾಡದ ತಪ್ಪು ಇದು. ಅಕ್ಷರಗಳ ಪಟ್ಟಿ ಸಿದ್ಧವಾಗುವಾಗ ಹಳಗನ್ನಡ ಬಲ್ಲವರ ಕಣ್ಣು ಅದರ ಮೇಲೆ ಬಿದ್ದಿರಲಿಲ್ಲ ಎಂಬುದನ್ನೇ ಇದು ಸೂಚಿಸುತ್ತದೆ.

ಅಕ್ಷರರೂಪಗಳ ವಿಷಯದಲ್ಲಿಯೂ ನಮ್ಮ ನಡವಳಿಕೆ ಇದಕ್ಕಿಂತ ಭಿನ್ನವಾಗಿಲ್ಲ. ಒಂದು ಕವನಸಂಕಲನ ಬಂದರೆ ಹತ್ತು ವಿಮರ್ಶೆಗಳು ಬರುತ್ತವೆ. ಲಕ್ಷಾಂತರ ಜನ ಪ್ರತಿದಿನ ಓದುವ ಅಕ್ಷರರೂಪವೊಂದು ಬಂದಾಗ ಅದರ ಗುಣದೋಷಗಳನ್ನು ವಿವೇಚಿಸುವ ಪರಿಭಾಷೆಯೇ ನಮ್ಮಲ್ಲಿ ಬೆಳೆದಿಲ್ಲ. ಚೆನ್ನಾಗಿದೆ, ಚೆನ್ನಾಗಿಲ್ಲ ಎಂಬ ಎರಡು ಮಾತುಗಳಲ್ಲಿ ಎಲ್ಲ ಮುಗಿಯುತ್ತದೆ. ವಿಮರ್ಶೆಯ ಬೆಂಬಲವಾಗಲಿ ಪ್ರತಿರೋಧವಾಗಲಿ ಇಲ್ಲದೆ ಯಾವ ಕಲೆಯೂ ಪಕ್ವವಾಗುವುದಿಲ್ಲ. ಜೋಶಿಯವರಿಗೆ ಕನ್ನಡದಿಂದ ದೊರೆಯದೆ ಹೋದದ್ದು ಬರೀ ಪ್ರಶಂಸೆಯಲ್ಲ. ಅವರ ಕೆಲಸವನ್ನು ತಿದ್ದಬಲ್ಲ, ಅವರೊಡನೆ ವಾದಿಸಬಲ್ಲ ಒಂದು ಓದುಗವರ್ಗ.

ಈಗ ತುಂಗಾದ ಬಳಕೆ ಹಿಂದೆ ಸರಿದಿದೆ. ೨೦೧೨ರಲ್ಲಿ ಬಂದ ವಿಂಡೋಸ್ ೮ರಿಂದ ಅದರ ಸ್ಥಾನವನ್ನು ನಿರ್ಮಲಾ ಎಂಬ ಅಕ್ಷರರೂಪ ಆಕ್ರಮಿಸಿತು. ೨೦೧೫ರ ವಿಂಡೋಸ್ ೧೦ರಲ್ಲಿ ತುಂಗಾ ಬೇಕೆನ್ನುವವರು ಬೇರೆಯಾಗಿ ಸೇರಿಸಿಕೊಳ್ಳಬೇಕಾದ ಪೂರಕ ಅಕ್ಷರರೂಪವಾಯಿತು. ಮೊಳೆಯಚ್ಚಿನ ಅಕ್ಷರಗಳಾದರೆ ಅಚ್ಚಾದ ಗ್ರಂಥಗಳಲ್ಲಿ ಉಳಿಯುತ್ತವೆ. ಪರದೆಯ ಅಕ್ಷರ ಹಾಗಲ್ಲ. ಅದೇ ಲೇಖನವನ್ನು ಇಂದು ತೆರೆದರೆ ಅದು ಹೊಸ ಅಕ್ಷರರೂಪದಲ್ಲಿ ಮೂಡುತ್ತದೆ. ಹಿಂದಿನ ಓದುಗರು ಅದನ್ನು ಯಾವ ರೂಪದಲ್ಲಿ ಕಂಡರೆಂಬುದಕ್ಕೆ ಕುರುಹು ಉಳಿಯುವುದಿಲ್ಲ. ಆದುದರಿಂದ ಈ ಚರಿತ್ರೆಯನ್ನು ದಾಖಲಿಸುವ ಕೆಲಸ ತುರ್ತಿನದು. ಕರ್ನಾಟಕದ ಹೊರಗಿರುವ ಕನ್ನಡ ಅಧ್ಯಯನಪೀಠಗಳು ಇದಕ್ಕೆ ತಕ್ಕ ಸ್ಥಾನದಲ್ಲಿವೆ, ಏಕೆಂದರೆ ಮುಂಬಯಿಯಂಥ ಅಕ್ಷರವಿನ್ಯಾಸದ ಕೇಂದ್ರಗಳು ಅವುಗಳ ನೆರೆಯಲ್ಲಿವೆ.

ಕನಿಷ್ಠಪಕ್ಷ ಮೂರು ಕಾರ್ಯಗಳನ್ನು ನಾವು ಆರಂಭಿಸಬಹುದು. ೨೦೦೧ರಿಂದ ಈಚೆಗೆ ಬಳಕೆಯಲ್ಲಿದ್ದ ಕನ್ನಡ ಅಕ್ಷರರೂಪಗಳ ಮಾದರಿಪುಟಗಳನ್ನು ಅವು ಬಳಕೆಯಾದ ಗಾತ್ರದಲ್ಲಿಯೇ ಮುದ್ರಿಸಿ, ವಿನ್ಯಾಸಕರ ಹೆಸರಿನೊಂದಿಗೆ ಗ್ರಂಥಾಲಯಗಳಲ್ಲಿ ಇಡುವುದು ಮೊದಲನೆಯದು. ಅವರ ಸಹಕಾರಿಗಳಿಂದ, ವಿದ್ಯಾರ್ಥಿಗಳಿಂದ ಕೆಲಸದ ವಿವರಗಳನ್ನು ಕೇಳಿ ಬರೆದಿಡುವುದು ಎರಡನೆಯದು. ನಮ್ಮ ಪ್ರಕಟಣೆಗಳ ಒಳಪುಟದಲ್ಲಿ ಬಳಸಿದ ಅಕ್ಷರರೂಪವನ್ನೂ ಅದನ್ನು ರೂಪಿಸಿದವರನ್ನೂ ಹೆಸರಿಸುವುದು ಮೂರನೆಯದು. ಈ ಕೊನೆಯದಕ್ಕೆ ಹಣವೂ ಬೇಡ, ಅನುಮತಿಯೂ ಬೇಡ. ಒಂದು ಸಾಲಿನ ಸ್ಥಳ ಸಾಕು. ಆ ಸಾಲನ್ನು ಬರೆಯುವ ರೂಢಿ ನಮ್ಮ ಶಾಸನಕಾರರಿಗೆ ಇತ್ತು.